ನಾಲ್ಕಾಣೆ ಸಂದಿ

ಯಾವ ಅಂಗಡ್ಯಾಗೂ ನಡೀದ ನಾಲ್ಕಾಣೆ
ನನ್ನ ಚೀಲದಾಗ ಇನ್ನೂ ನಡೀತಾವ.
ಒಂದು ಕಡಿ ಘೇಂಡಾಮೃಗ, ದಪ್ಪ ಅರ್ಧ ಸೂತು.
ಆರು ಇದ್ದವು. ಐದು ಕೆಲಸಕ್ಕ,
ಒಂದು ಕಳಕೊಳ್ಳಾಕ.

ಕಲಬುರಗಿ, ಕಪಡಾ ಬಜಾರದ ಒಳಗಲ್ಲಿ,
ಝರೀನಾ ಆಪಾರ ಗುಂಡಿ ಅಂಗಡಿ. ಮೇ ತಿಂಗಳು.
ರಂದಾದ ಕಬ್ಬಿಣ ಮುಟ್ಟಿದರ
ಕುದಿಯೋ ಚಹಾದ ಗಿಲಾಸು ಹಿಡಿದಂಗ.
ಗೋಡೆ ತುಂಬ ಸಾಗವಾನಿ ಕಪಾಟು, ಮೂವತ್ತಾರು ಡ್ರಾ.
ಮುಖ ಹೊರಗ ಕೂಡೋ ನಮೂನಿ ಅಲ್ಲ,
ಹೊರಗ ಕೂತರ ಒಳಗಿನ ತಪ್ಪೆಲ್ಲ ಮುಚ್ಚಿ ಹೋಗ್ತಾವ.
ಇವು ಚೌಕಟ್ಟಿನ ಒಳಗೇ ಕೂಡಬೇಕು.
ಅಂಗೈ ಸವರಿದರ ಯಾವುದು ಚೌಕಟ್ಟು, ಯಾವುದು ಮುಖ
ಕೈಗೆ ತಿಳೀಬಾರದು. ಕಣ್ಣಿಗಷ್ಟೇ ಒಂದು ಕರಿ ಗೆರಿ,
ನಾಕೂ ಕಡಿ ಒಂದೇ ದಪ್ಪ.

ಹೇಳಾಕ ಇಷ್ಟೇ.

ನೆಲಕ್ಕ ಶಹಾಬಾದ ಕಲ್ಲು, ಆಪಾರ ಮಾವನ ಕಾಲದ್ದು,
ಒಂದು ಮೂಲಿ ತಗ್ಗಿ ಕಪಾಟು ಅತ್ತ ಒರಗಿತ್ತು.
ಗುಣ್ಯಾ ಹಚ್ಚಿದರ ಒಂದು ಖಾನೆದಾಗೂ ಕಾಟಕೋನ ಇಲ್ಲ.
ಕೆಳಗ ಚೆಕ್ಕಿ ಕೊಟ್ಟೆ. ಅರ್ಧ ಸರಿ ಆತು.
ಉಳಿದರ್ಧಕ್ಕ ಉಸ್ತಾದರ ಮಾತು:
ಗುಣ್ಯಾ ಹೇಳೂದು ಖರೆ. ಆದ್ರ ಮುಖ ಕೂಡೂದು ಖಾನೆದಾಗಪ್ಪ,
ಗುಣ್ಯಾದಾಗ ಅಲ್ಲ.
ಖಾನೆ ಎಷ್ಟು ಸೊಟ್ಟ, ಅಷ್ಟೇ ಸೊಟ್ಟ ಕೀಸು.

ತುಂಬು ಅಳತಿ ಕೊಯ್ದು, ಒತ್ತಿ ನೋಡು.
ಎಲ್ಲಿ ತಡೀತಾದ ಅಲ್ಲಿ ಪೆನ್ಸಿಲ್. ಎರಡು ಎಳಿ ರಂದಾ. ಮತ್ತ ಒತ್ತು.
ಕೆಳಗ ಎರಡು ನಾಲ್ಕಾಣೆ, ಬದೀಗೆ ಒಂದೊಂದು, ಮ್ಯಾಲ ಒಂದು,
ಬಿಗೀಬಾರದು, ಬೀಳಬಾರದು.
ಒಳಗಿಂದ ಸ್ಕ್ರೂ. ಪೆಟ್ಟಿಗಿ ತೂತು ಒಂಚೂರು ದೊಡ್ಡದಿರಲಿ,
ಕಡೀಕ ಸರಸಾಕ ಬೇಕಾಗ್ತಾದ.
ಆಮ್ಯಾಲ ಬ್ಲೇಡಿನ ತುದೀಲೆ ನಾಣ್ಯ ಎಬ್ಬಿಸಿ ತಗೀಬೇಕು.
ಒಂದು ಹಿಂದ ಬಿದ್ದೇ ಬೀಳ್ತಾದ. ಆರನೇದು ಅದಕ್ಕ.

ಐದು ದಿನ ಆಪಾ ಸ್ಟೂಲಿನ ಮ್ಯಾಲ ಕೂತು
ಪ್ರತಿ ಮುಖಕ್ಕ ಒಂದು ಗುಂಡಿ ಹಿಡಿಕಿ ಆರಿಸಿದರು:
ಷೇರವಾನಿ ಗುಂಡಿ, ಚಿಪ್ಪಿನ ಗುಂಡಿ,
ಕೋಟಿನ ಕಂದು ಗುಂಡಿ, ಕೂಸಿನ ಅಂಗಿಯ ಬಾತುಕೋಳಿ.
ಆರನೇ ದಿನ ಬೆರಳು ಇಟ್ಟರು.
'ಮೋನಪ್ಪಾ, ಸಂದಿ ಭಾಳ ಆತು. ಜಿರಳಿ ಮರಿ ಬಾಡಿಗಿಗೆ ಬರ್ತಾವ.'
'ಈಗ ಬಿಸಲಿಗೆ ಕಟ್ಟಗಿ ಸಣ್ಣ ಆಗ್ಯಾದ ಆಪಾ.
ಶ್ರಾವಣದಾಗ ಉಬ್ಬತಾದ. ಉದ್ದಕ್ಕಲ್ಲ, ಅಗಲಕ್ಕ.'
'ಕಡದು ಇಪ್ಪತ್ತು ವರ್ಷದ ಕಟ್ಟಗಿ ಅಂದಿದ್ದಿ.'
'ಸತ್ತರೂ ನೀರು ಕುಡೀತಾದರಿ.'
ಒಪ್ಪಲಿಲ್ಲ. ಒಂದರೆ ನನ್ನ ಮಾತಿನಂಗ ಮಾಡು,
ಹುಕ್ಕಿನ ಖಾನೆ, ಸಣ್ಣ ಸಾಮಾನು, ಸಂದ್ಯಾಗ ಜಾರ್ತಾವ.
ಮಾಡಿದೆ. ಪೋಸ್ಟ್ ಕಾರ್ಡಿನ ದಪ್ಪ ಬಿಟ್ಟೆ.
ಸುಳ್ಳು ಯಾಕ, ಮೂವತ್ತಾರರಾಗ ಅದೇ ಚಂದ ಇತ್ತು.
ಬಂದವರಿಗೆ ನಾನೇ ಅದನ್ನ ತೋರಿಸೀನಿ.

ಆಗಸ್ಟ್. ಎಂಟು ದಿನ ಹಿಡಕೊಂಡ ಮಳಿ. ಫೋನು.
'ಬಾ.'

ಮೂವತ್ತೈದು ಬೆಣ್ಣಿ ಜಾರಿದಂಗ ಬಂದವು.
ಹುಕ್ಕಿನದು ಜಗ್ಗಿ ಜಗ್ಗಿ ಗುಂಡಿ ಕಿತ್ತು ಆಪಾರ ಕೈಯಾಗ.
ಹೊರಗ ಟೇಲರಿನ ಹುಡುಗ, ಲಗ್ನದ ಬ್ಲೌಸು, ಹುಕ್ಕು ಬೇಕಂತ.
ತಗೀದ ಖಾನೆಗೆ ರಂದಾ ಹ್ಯಾಂಗ ಹೊಡೀಲಿ?
ಮ್ಯಾಲಿನ ಡ್ರಾ ಪೂರ್ತಿ ಹೊರಗ ಎಳದೆ,
ಆ ಕತ್ತಲಾಗ ಕೈ ಹಾಕಿದೆ. ನನ್ನ ತೋಳು ಮೊಣಕೈಗೆ ನಿಂತಿತು.
ಆಪಾ ಬಳಿ ತಗದು ಗಲ್ಲೆದ ಮ್ಯಾಲ ಇಟ್ಟರು,
ಭುಜದ ತನಕ ಒಳಗ ಹೋದರು,
ಮಾರಿ ಕಟ್ಟಗಿಗೆ ಹತ್ತಿತ್ತು, ಕಣ್ಣು ಮುಚ್ಚಿತ್ತು.
ಹಿಂದಿಂದ ಒಂದು ಗುದ್ದು.
ಖಾನೆ ಬಂತು. ಕೈ ಬರಲಿಲ್ಲ, ಅಲ್ಲೇ ಏನೋ ಹುಡಕತಿತ್ತು.
'ಇದೇನಪ್ಪ?'
ಆರನೇದು.

ಹಸಿ ಚೆಕ್ಕಿ ಸುರುಳಿ ಆಗಲಿಲ್ಲ, ನೆಂದ ಕಾಗದದಂಗ ಬಿತ್ತು.
ಆಪಾ ನಾಣ್ಯ ಮುಂದ ಹಿಡಿದರು, ಅಳತಿಗೆ.
'ಈಗ ಬ್ಯಾಡರಿ, ಉಬ್ಬಿ ನಿಂತಾದ. ಈಗ ಪೋಸ್ಟ್ ಕಾರ್ಡೇ ಸಾಕು.'
'ಅಂದ್ರ ನಾ ಹೇಳಿದ್ದೇ.'
'ನೀವು ಹೇಳಿದ್ದೇರಿ. ತಿಂಗಳು ಬ್ಯಾರೆ.'

ಹುಡುಗ ಹುಕ್ಕು ಎಣಿಸಿಕೊಂಡು ಮಳ್ಯಾಗ ಓಡಿದ.
ಆಪಾ ನಾಲ್ಕಾಣೆ ಹುಕ್ಕಿನ ಜೋಡಿ ಒಳಗ ಹಾಕಿ
ಒಂದೇ ಬೆರಳಿಲೆ ಖಾನೆ ದೂಡಿದರು.
ಕಡೀ ಗೇಣಿನಾಗ ಅದು ತಾನೇ ನಿಧಾನ ಆತು,
ಒಳಗಿನ ಗಾಳಿ ನಾಕೂ ಸಂದ್ಯಾಗಿಂದ
ಫುಸ್ ಅಂತ ಹೊರಗ ಬಂತು.