ನೂರಿಪ್ಪತ್ತು ಪದ

ವಾರಕ್ಕೆ ನೂರಿಪ್ಪತ್ತು ಪದ. ಅಷ್ಟೇ ಲೆಕ್ಕ.
ನೂರಿಪ್ಪತ್ತೊಂದನೆಯದನ್ನು ನೌಕಾದಳದವರು
ಉಗುರಿನಂತೆ ಕತ್ತರಿಸಿ ಎಸೆಯುತ್ತಾರೆ.
ನೀನು ಉತ್ತರ ಬರೆಯುವ ಹಾಗಿಲ್ಲ, ರೋರಿ.
ನಿಮ್ಮ ಜಲಾಂತರ್ಗಾಮಿ ಕೆಮ್ಮಿದರೂ ಕಡಲಿಗೆ ಕೇಳಿಸೀತು;
ಕೇಳಿಸಿದರೆ ಎಲ್ಲಿದ್ದೀರೆಂದು ಗೊತ್ತಾದೀತು;
ಗೊತ್ತಾದರೆ ಯಾರೂ ನಿಮಗೆ ಹೆದರರು.

ಹಾಗಾಗಿ ಹೆಲೆನ್ಸ್‌ಬರೋದ ಈ ಅಡುಗೆಮನೆಯಲ್ಲಿ
ಬೆರಳು ಮಡಚಿ ಎಣಿಸುತ್ತೇನೆ.
ಮಗಳ ಮುಂದಿನ ಹಲ್ಲು ಬಿತ್ತು: ನಾಲ್ಕು ಪದ.
ಬಿದ್ದದ್ದು ಶಾಲೆಯ ಸೂಪಿನ ಬಟ್ಟಲಿಗೆ: ಇನ್ನು ನಾಲ್ಕು.
ನಿನ್ನಮ್ಮ ನನ್ನ ಕಿಟಕಿಯ ಪರದೆಗಳನ್ನು ಮತ್ತೆ ಆಡಿಕೊಂಡಳು,
ಇದಕ್ಕೆ ಮಾತ್ರ ಪ್ರತಿವಾರ
ಇಪ್ಪತ್ತು ಪದ ತೆಗೆದಿಟ್ಟಿರುತ್ತಿದ್ದೆ.

ಆರನೇ ವಾರ ಎಫಿ ತೀರಿಕೊಂಡಳು.
ಬಟಾಣಿ ಬಿಡಿಸುತ್ತಾ ಕುಳಿತವಳು ಹಾಗೇ ಒರಗಿದ್ದಳು;
ಮಡಿಲ ಪಾತ್ರೆ ಚೆಲ್ಲಿರಲಿಲ್ಲ.
ಫೋನಿನಲ್ಲಿ ಅಧಿಕಾರಿಯ ದನಿ ಮೆತ್ತಗಿತ್ತು, ಪಳಗಿತ್ತು:
“ಹೊರಡುವ ಮೊದಲೇ ಅವರು ಫಾರಮಿನಲ್ಲಿ ಗುರುತು ಹಾಕಿದ್ದಾರೆ,
ಕೆಟ್ಟ ಸುದ್ದಿ ದಡದಲ್ಲೇ ಇರಲಿ ಎಂದು.
ಆದರೆ ಬರೆಯುವುದನ್ನು ನಿಲ್ಲಿಸಬೇಡಿ, ಮೇಡಂ.
ನಿಂತರೆ ತಿಳಿದುಬಿಡುತ್ತದೆ.”

ಮಣ್ಣು ಮಾಡಿ ಬಂದ ಸಂಜೆ ಬರೆದೆ:
ಅಮ್ಮ ಬಟಾಣಿ ಬಿಡಿಸಿದಳು. ಈ ಸಲ ಸಿಹಿಯಾಗಿದೆ. ಎಲ್ಲ ಕ್ಷೇಮ.
ಕೊನೆಯ ಎರಡು ಪದ ಬಿಟ್ಟರೆ
ಸುಳ್ಳಿಲ್ಲ, ನೋಡು.

ನೆಲೆಯ ಗೇಟಿನೆದುರು ಬಣ್ಣ ಬಳಿದ ಕ್ಯಾರವಾನಿನಲ್ಲಿ
ಹನ್ನೊಂದು ವರ್ಷದಿಂದ ಬೀಡುಬಿಟ್ಟ ಸೋರ್ಚಾ
(ಮಳೆ ಬಂದರೆ ಬಸ್‌ಸ್ಟಾಪಿನಲ್ಲಿ ಒಂದೇ ಕೊಡೆಯಡಿ ನಿಲ್ಲುತ್ತೇವೆ,
ಬೇರೆ ಸ್ನೇಹವಿಲ್ಲ)
ಒಮ್ಮೆ ಕೇಳಿದಳು: “ಕೊಂದೇ ಕೊಲ್ಲುತ್ತೇನೆಂದು
ದಿನಾ ಸಂಕಲ್ಪ ಮಾಡಿ ಮಲಗುವವನು
ಕೊಲ್ಲದೆಯೇ ಮುದುಕನಾಗಿ ಸತ್ತರೆ
ಅವನನ್ನು ಏನೆಂದು ಕರೆಯುತ್ತೀ?”
ನಾನೆಂದೆ, “ನನ್ನವನು ಬ್ರೆಡ್ಡು ಬೇಯಿಸುತ್ತಾನೆ.
ರಾತ್ರಿ ಎರಡಕ್ಕೆದ್ದು ಹಿಟ್ಟು ನಾದುತ್ತಾನೆ, ನೂರೈವತ್ತು ಬಾಯಿಗೆ.”
ಬಸ್ಸು ಬಂತು. ಅವಳು ಹತ್ತಲಿಲ್ಲ.

ನಿದ್ದೆ ಹತ್ತದೆ ನಾನೂ ಅದನ್ನೇ ನಾದಿದೆ.
ನಿಮ್ಮಲ್ಲಿ ಪೆಟ್ಟಿಗೆಯೊಳಗೊಂದು ಪೆಟ್ಟಿಗೆ,
ಅದರೊಳಗೊಂದು ಕಾಗದ, ಊರೇ ಇಲ್ಲವಾದ ಮೇಲೆ ಓದುವುದಕ್ಕೆ.
ಸತ್ತವರು ಬದುಕಿದವರಿಗೆ ಕೊಡುವ ಅಪ್ಪಣೆ.
ನಾನು ಕಳಿಸುವುದು ಇನ್ನೇನು?
ಸತ್ತವಳು ಬದುಕಿದ್ದಾಳೆಂಬ ಕಾಗದ.
ಅದನ್ನು ಒಡೆಯಬಾರದು, ಇದನ್ನು ಕೆದಕಬಾರದು;
ಎರಡರ ನಡುವೆ ಲೋಕ ಶಾಂತವಾಗಿದೆಯಂತೆ.

ಶಾಂತ, ಹೌದು. ಅಲ್ಲೆನ್ನಲು ನನಗೆ ಬಾಯಿಲ್ಲ.
ಮಗಳು ಮಲಗಿದ್ದಾಳೆ, ಹಾಲು ಬಾಗಿಲಿಗೆ ಬರುತ್ತದೆ,
ಮನೆ ಸಾಲದ ಕಂತು ನಿನ್ನ ಸಂಬಳದಲ್ಲಿ ತಪ್ಪದೆ ಹೋಗುತ್ತದೆ.
ಆದರೆ ಎಲ್ಲೋ ಹಿಮದ ಬಂದರಿನಲ್ಲಿ ಒಬ್ಬಳಿರಬೇಕು;
ಅವಳ ಮಗಳೂ ಬೊಚ್ಚು ಬಾಯಲ್ಲಿ ನಗುತ್ತಿರಬೇಕು,
ಗಂಡ ನೀರಿನಡಿ ಏನನ್ನೋ ಬೇಯಿಸುತ್ತಿರಬೇಕು.
ಆ ನಗು ನಮ್ಮಲ್ಲಿ ಒತ್ತೆ, ಈ ನಿದ್ದೆ ಅವರಲ್ಲಿ.
ಕೂಸುಗಳನ್ನು ಅಡವಿಟ್ಟು ಪಡೆದ ನೆಮ್ಮದಿಗೆ
ಕಾವಲು ಎಂದು ಹೆಸರು.
ನೂರಿಪ್ಪತ್ತರಲ್ಲಿ ಇದಕ್ಕೆ ಜಾಗವಿಲ್ಲ.

ಹದಿನಾಲ್ಕನೇ ವಾರ ನೀನು ಬಂದೆ,
ಡೀಸೆಲ್ಲು, ಬೆವರು, ಹುದುಗಿದ ಹಿಟ್ಟಿನ ವಾಸನೆ ಹೊತ್ತು,
ಬೆಳಕಿಗೆ ಕಣ್ಣು ಕಿರಿದು ಮಾಡಿಕೊಂಡು.
ಪಾದ್ರಿ ಧಕ್ಕೆಯಲ್ಲೇ ಹೇಳಿದ್ದರಂತೆ.
ನಾನು ಅತ್ತೆ. ನೀನು ಕೋಟು ಕಳಚಿ ಮೊಳೆಗೆ ಹಾಕಿದೆ.

“ಗೊತ್ತಿತ್ತು, ಇಷ್ಬೆಲ್.
ಏಳನೇ ವಾರದಿಂದ ನೀನು ಅಮ್ಮನನ್ನು
ಬೈಯುವುದನ್ನೇ ಬಿಟ್ಟೆ.”

“ಮತ್ತೆ?”

“ಮತ್ತೇನು. ಎರಡಕ್ಕೆದ್ದೆ, ನಾದಿದೆ, ಬೇಯಿಸಿದೆ.
ಗೊತ್ತಿರುವುದನ್ನು ಗೊತ್ತಿಲ್ಲದ ಹಾಗೆ
ಹೊತ್ತು ತಿರುಗುವುದೇ ಅಲ್ಲಿ ಎಲ್ಲರ ಕೆಲಸ.”

ಎಫಿ ಬಿಡಿಸಿದ ಬಟಾಣಿ ಫ್ರೀಜರಿನಲ್ಲಿ ಇನ್ನೂ ಇತ್ತು.
ತೆಗೆಯಲೇ, ಎಂದೆ.
ಯಾರಿಗೋ ಕೇಳಿಸೀತೆಂಬಂತೆ ದನಿ ತಗ್ಗಿಸಿ
“ಬೇಡ” ಅಂದೆ ನೀನು, “ಇರಲಿ.”