ಹೊನ್ನೂರಸಾಬನ ಹಲ್ಲು

ಆ ಹಲ್ಲು ಕೀಳಿಸಿದ್ದು ಡೈರೆಕ್ಟರು.
ಮೂರನೇ ರೌಡಿಗೆ ಒಂದು ಮುಖ ಬೇಕಿತ್ತಂತೆ.
ಕೊಟ್ಟದ್ದು ಐವತ್ತು ರೂಪಾಯಿ,
ಬಳ್ಳಾರಿಗೆ ವಾಪಸು ಬಸ್ ಚಾರ್ಜು.

ಸಿನಿಮಾ ನಮ್ಮೂರ ಟಾಕೀಸಿನಲ್ಲಿ ಮೂರೇ ದಿನ.
ಇಂಟರ್‌ವಲ್ಲಿಗೆ ಮೊದಲೇ ಬಾವಿಗೆ ಬಿದ್ದು ಸತ್ತ.
ಸಾಯುವ ಮುಂಚೆ ಒಂದು ಮಾತು:
"ಸಂಜಿಗೆ ಸಿಗ್ತೀಯಲ್ಲಾ..."
ಹಲ್ಲಿನ ಸಂದಿಯಿಂದ 'ಸ' ಸೀಟಿಯಾಗಿ ಬಂತು.

ಎಷ್ಟೋ ವರ್ಷಕ್ಕೆ ಟೀವಿಯವರು
ನಡುರಾತ್ರಿ ಅದನ್ನೇ ತಿರುತಿರುಗಿ ಹಾಕಿದರು.
ಕೌಲ್ ಬಜಾರಿನ ಹುಡುಗರು,
ಜೀನ್ಸ್ ಬಣ್ಣಕ್ಕೆ ಮೊಣಕೈತನಕ ನೀಲಿಯಾದವರು,
ಪಾಳಿ ಮುಗಿಸಿ ನೋಡಿ ಬಾಯಿಪಾಠ ಮಾಡಿದರು.

ಆಮೇಲೆ ಸೀರಿಯಲ್ಲು. ಆರುನೂರು ಕಂತು ಮಾಟಗಾರ.
ಮಗಳ ನಿಕಾಹಕ್ಕೆ ಹಲ್ಲು ಕಟ್ಟಿಸ್ತೀನಿ ಅಂದರೆ
"ಕಂಟಿನ್ಯೂಟಿ ಕೆಡ್ತದ್ರೀ ಸಾಬ್ರೇ" ಅಂದರು.
ಫೋಟೋದಲ್ಲಿ ಬಾಯಿ ಮುಚ್ಚಿಕೊಂಡೇ ನಿಂತಿದ್ದಾನೆ.

ಹೋದ ತಿಂಗಳು ಆ ಮಗಳೇ ಕರೆದೊಯ್ದು ಕಟ್ಟಿಸಿದಳು.
ಕನ್ನಡಿ ಮುಂದೆ ಹೇಳಿ ನೋಡಿದ:
ಸಂಜಿಗೆ ಸಿಗ್ತೀಯಲ್ಲಾ.
ಪಕ್ಕದ ಮನೆಯವನು ಚಾಕ್ಕೆ ಕರೆದಂತಿತ್ತು.
ಅಡುಗೆಮನೆಯಿಂದ ಹೆಂಡತಿ,
"ಯಾರ್ನ ಕರಿಯಾಕತ್ತೀರಿ?"

ಈಗ ಬ್ರೂಸ್‌ಪೇಟೆ ಹೋಟೆಲಿಗೆ ಹೊರಟರೆ
ಹಲ್ಲು ಜೇಬಿನ ಅಡಿಕೆ ಡಬ್ಬಿಯಲ್ಲಿ.
ಊಟಕ್ಕೆ ಮಾತ್ರ ಹಾಕಿಕೊಳ್ಳುತ್ತಾನೆ.