ಮೂರನೇ ಕೋಣೆಯ ಗಂಟೆ

ರಾತ್ರಿ ಒಂದೂಕಾಲು. ಸ್ವಾನ್ಸಿಯ ಠಾಣೆಯ ಬಾಗಿಲಲ್ಲಿ
ಡಿಲಿಸ್ ಪ್ರಾಸರ್, ಶಾಲೆಯ ಅಡುಗೆಮನೆಯಿಂದ ನಿವೃತ್ತಳು,
ಜೊತೆಗೆ ಬಸ್ಸು ಓಡಿಸುವ ಇದ್ರಿಸ್.
ಹೇಳಿ ಬರುವಂತಿಲ್ಲ; ಹೇಳಿ ಬಂದರೆ ನೋಡುವುದೇನು,
ಗುಡಿಸಿಟ್ಟ ನೆಲವನ್ನೇ?

ಸಾರ್ಜೆಂಟ್ ಗಡಿಯಾರ ನೋಡಿದ: 'ಈ ಹೊತ್ತಿನಲ್ಲೇ?'
'ಹೊತ್ತು ನಮ್ಮದು,' ಎಂದಳು.

ಏನು ಮಾಡಿದೆ ಅಂತ ಕೇಳಬಾರದು. ಹೆಸರೂ ಬೇಡ.
ಕಂಬಳಿ ಕೊಟ್ಟರೇ? ನೀರು? ಮನೆಗೆ ಸುದ್ದಿ ಹೋಯಿತೇ?
ಮೂರನೇ ಕೋಣೆಯ ಹುಡುಗ ಗೋಡೆಗೆ ಮುಖಮಾಡಿಯೇ ಅಂದ:
'ಗಂಟೆ ಒತ್ತಿ ಒತ್ತಿ ಬೆರಳು ಸೋತಿತು.'

ಅವಳೇ ಒತ್ತಿದಳು.
ನಲವತ್ತು ವರ್ಷ ಮೊಟ್ಟೆ ಬೇಯುವುದನ್ನು ಎಣಿಸಿದ ಹೆಂಗಸು
ಎಣಿಸುತ್ತ ನಿಂತಳು.
ಅಲ್ಲಿ ಮೇಜಿನ ಬಳಿ ಯಾರೋ ಚಹಾ ಕಲಕುವ
ಚಮಚದ ಸದ್ದು ಇಲ್ಲಿಗೆ ಕೇಳುತ್ತಿತ್ತು;
ಇಲ್ಲಿಯದು ಅಲ್ಲಿಗಿಲ್ಲ.

'ತಂತಿ ಸಡಿಲವಿರಬೇಕು,' ಸಾರ್ಜೆಂಟ್ ನಕ್ಕ.
'ಇರಬೇಕು,' ಎಂದವಳು ಬರೆದಳು:
ಒಂಬತ್ತು ನಿಮಿಷ. ಯಾರೂ ಬರಲಿಲ್ಲ.

ಲಾಠಿಯಿಲ್ಲ ಅವಳ ಕೈಲಿ, ಆಜ್ಞೆಯಿಲ್ಲ,
ಮೂರು ಪ್ರತಿ ಮೂಡುವ ಹಾಳೆ,
ಒತ್ತಿ ಬರೆಯುವ ಪೆನ್ನು.

ಮುಂದಿನ ತಿಂಗಳು, ಬೆಳಗಿನ ಜಾವ,
ಮತ್ತದೇ ಕೋಣೆ. ಹಾಸಿಗೆ ಖಾಲಿ.
ಒತ್ತಿದಳು.
ಓಡಿ ಬಂದ ಹೊಸ ಕಾನ್‌ಸ್ಟೇಬಲ್, ಏದುಸಿರು: 'ಏನಾಯ್ತು?'

'ಏನಿಲ್ಲಪ್ಪ,' ಎಂದಳು, 'ಕೇಳಿಸಿತಲ್ಲ.'